ಕಾಲದ ನಕ್ಷೆ ಬರೆದ ಬಿ.ಎಲ್. ರೈಸ್

ದಾವಣಗೆರೆ ಸೀಮೆಯಲ್ಲಿ ಊರಿಗೆ ವಯಸ್ಸನ್ನು ಕೇಳಿದರೆ ಹಿರಿಯರು ಪಾಳೇಗಾರರ ಕಾಲದವರೆಗೆ ಹೋಗಿ ನಿಲ್ಲುವುದು ವಾಡಿಕೆ. ಅದಕ್ಕೂ ಹಿಂದಿನದೆಲ್ಲ ‘ಬಹಳ ಹಿಂದೆ’ ಎಂಬ ಒಂದೇ ಮಾತಿನಲ್ಲಿ ಅಡಗಿಬಿಡುತ್ತದೆ. ಲೋಕಿಕೆರೆ, ಅಣಜಿ, ಹರಿಹರಗಳಂತಹ ಊರುಗಳ ಈ ಸೀಮೆಯ ಗತಕಾಲಕ್ಕೆ ಇಸವಿಗಳ ಗೆರೆ ಎಳೆದು, ಯಾವುದು ಮೊದಲು, ಯಾವುದು ಅನಂತರ ಎಂಬುದನ್ನು ತೋರಿಸಿಕೊಟ್ಟವರು ಬೆಂಜಮಿನ್ ಲೂಯಿ ರೈಸ್. ಕನ್ನಡ ನಾಡು ಅವರನ್ನು ಶಾಸನ ಪಿತಾಮಹ ಎಂದು ಕರೆದಿದೆ. ಕಾಲದ ನಕ್ಷೆಗಾರ ಎಂದರೂ ಒಪ್ಪುತ್ತದೆ.

ರೈಸ್ ಜನಿಸಿದ್ದು 1837ರ ಜುಲೈ 17ರಂದು, ಬೆಂಗಳೂರಿನಲ್ಲಿ. ತಂದೆ ಲಂಡನ್ ಮಿಷನ್ನಿನ ಪಾದ್ರಿ, ಕನ್ನಡ ಬಲ್ಲವರು. ಕನ್ನಡ ಸಾಹಿತ್ಯ ಚರಿತ್ರೆಯನ್ನು ಇಂಗ್ಲಿಷಿನಲ್ಲಿ ಬರೆದ ಇ.ಪಿ. ರೈಸ್ ಇವರ ತಮ್ಮ. ಇಂಗ್ಲೆಂಡಿನಲ್ಲಿ ವಿದ್ಯಾಭ್ಯಾಸ ಮುಗಿಸಿ ಬಂದ ರೈಸ್ 1860ರಲ್ಲಿ ಬೆಂಗಳೂರು ಹೈಸ್ಕೂಲಿನ ಮುಖ್ಯಸ್ಥರಾದರು. ಮುಂದೆ ಶಾಲೆಗಳ ತನಿಖಾಧಿಕಾರಿಯಾಗಿ ಮೈಸೂರು, ಕೊಡಗು ಸೀಮೆಗಳಲ್ಲಿ ಸಂಚರಿಸಿದರು. ಶಾಲೆ ನೋಡಲು ಹೋದ ಸಾಹೇಬರು ಗುಡಿಯ ಅಂಗಳದ ಕಲ್ಲಿನ ಮುಂದೆ ನಿಂತುಬಿಡುತ್ತಿದ್ದರು. ಅದೇ ಅವರ ಬಾಳಿನ ಕಸುಬಾಯಿತು.

ಈ ಕಸುಬಿನ ಆರಂಭಕ್ಕೂ ನಮ್ಮ ಹರಿಹರಕ್ಕೂ ನಂಟುಂಟು. 1865ರಲ್ಲಿ ಮೇಜರ್ ಡಿಕ್ಸನ್ ಎಂಬ ಅಧಿಕಾರಿ ಸರ್ಕಾರದ ಅಪ್ಪಣೆಯಂತೆ ಚಿತ್ರದುರ್ಗ, ಬಳ್ಳಿಗಾವಿ, ಹರಿಹರ ಮೊದಲಾದೆಡೆಯ ಶಾಸನಗಳ ಛಾಯಾಚಿತ್ರ ತೆಗೆದಿದ್ದರು. ಅವುಗಳನ್ನು ಓದಿ ಅನುವಾದಿಸುವ ಹೊಣೆ ರೈಸರ ಪಾಲಿಗೆ ಬಂತು. ಅದರ ಫಲವೇ 1879ರ ‘ಮೈಸೂರ್ ಇನ್‌ಸ್ಕ್ರಿಪ್ಷನ್ಸ್’ ಗ್ರಂಥ. 1885ರ ಹೊತ್ತಿಗೆ ಮೈಸೂರು ಸಂಸ್ಥಾನದ ಪುರಾತತ್ವ ಸಂಶೋಧನೆಯ ನಿರ್ದೇಶಕತ್ವವೂ ಅವರದಾಯಿತು.

ಕಲ್ಲಿನ ಕಾಲವನ್ನು ನಿರ್ಣಯಿಸುವುದು ಸುಲಭದ ಮಾತಲ್ಲ. ಶಕವರ್ಷ ಕೊಟ್ಟಿದ್ದರೆ 78 ಕೂಡಿಸಿ ಇಸವಿ ಪಡೆಯಬಹುದು; ಆದರೆ ಅದು ಕಳೆದ ವರ್ಷವೋ ನಡೆಯುತ್ತಿರುವ ವರ್ಷವೋ ಎಂಬ ತೊಡಕು ಅಲ್ಲಿಯೂ ಉಂಟು. ಕೆಲವು ಶಾಸನಗಳಲ್ಲಿ ಸಂವತ್ಸರದ ಹೆಸರು ಮಾತ್ರ ಉಳಿದಿರುತ್ತದೆ. ತಾರಣ ಸಂವತ್ಸರವೆಂದಷ್ಟೇ ಇದ್ದರೆ ಅದು 1164 ಆಗಬಹುದು, 1224 ಆಗಬಹುದು, 1284 ಕೂಡ ಆಗಬಹುದು. ಅರವತ್ತು ವರ್ಷಕ್ಕೊಮ್ಮೆ ಅದೇ ಹೆಸರು ಮರಳುತ್ತದೆ. ಆಗ ಅರಸನ ಹೆಸರು, ತಿಥಿ, ವಾರ, ಗ್ರಹಣದ ಉಲ್ಲೇಖಗಳನ್ನು ಹೊಂದಿಸಿ ನೋಡಬೇಕು. ಇವೇನೂ ಇಲ್ಲದಿದ್ದರೆ ಅಕ್ಷರದ ಆಕಾರವೊಂದೇ ಆಧಾರ.

ಈ ಎರಡು ಬಗೆಯ ಕಲ್ಲುಗಳೂ ನಮ್ಮಲ್ಲಿವೆ. ಹೊಯ್ಸಳ ಇಮ್ಮಡಿ ನರಸಿಂಹನ ದಂಡನಾಯಕ ಪೋಲಾಳ್ವನು ಹರಿಹರೇಶ್ವರ ದೇವಾಲಯವನ್ನು ಕಟ್ಟಿಸಿದ್ದು 1224ರ ಸುಮಾರಿಗೆ ಎಂದು ನಾವು ಧೈರ್ಯವಾಗಿ ಹೇಳುವುದು ಶಾಸನದ ಬಲದಿಂದ. ಅಣಜಿಯ ಕಲ್ಲಿನ ಕಥೆ ಬೇರೆ. ಕದಂಬ ಕೃಷ್ಣವರ್ಮನ ಸೈನ್ಯವು ನಾಣಕ್ಕಾಸ ಪಲ್ಲವನೊಡನೆ ಕಾದಿ ಸೋತ ಸಂಗತಿ ಅದರಲ್ಲಿದೆ, ಶಕವರ್ಷವಿಲ್ಲ. ಲಿಪಿಯನ್ನೂ ಕದಂಬ ವಂಶಾವಳಿಯನ್ನೂ ನೋಡಿಯೇ ವಿದ್ವಾಂಸರು ಅದಕ್ಕೆ ಕಾಲ ಹೇಳಬೇಕಾಯಿತು. ಅಷ್ಟು ಹಳೆಯದೊಂದು ಯುದ್ಧದ ನೆನಪು ದಾವಣಗೆರೆ ತಾಲ್ಲೂಕಿನಲ್ಲಿ ಉಳಿದಿದೆಯೆಂಬುದು ಸಣ್ಣ ಸಂಗತಿಯಲ್ಲ.

1892ರಲ್ಲಿ ರೈಸರು ಮೊಳಕಾಲ್ಮೂರು ತಾಲ್ಲೂಕಿನ ಬ್ರಹ್ಮಗಿರಿ, ಸಿದ್ದಾಪುರ, ಜಟಿಂಗ ರಾಮೇಶ್ವರಗಳಲ್ಲಿ ಅಶೋಕನ ಶಾಸನಗಳನ್ನು ಬೆಳಕಿಗೆ ತಂದರು. ಕನ್ನಡ ನಾಡಿನ ಲಿಖಿತ ಚರಿತ್ರೆ ಆ ಮೂಲಕ ಕ್ರಿಸ್ತಪೂರ್ವ ಮೂರನೆಯ ಶತಮಾನಕ್ಕೆ ಸರಿಯಿತು. ಇದೊಂದೇ ಸಾಧನೆ ಸಾಕಿತ್ತು. ಆದರೆ ಅವರು 1886ರಿಂದ 1904ರವರೆಗೆ ‘ಎಪಿಗ್ರಾಫಿಯಾ ಕರ್ನಾಟಿಕ’ದ ಹನ್ನೆರಡು ಸಂಪುಟಗಳನ್ನು ಹೊರತಂದರು. ಅವುಗಳಲ್ಲಿರುವ ಶಾಸನಗಳ ಸಂಖ್ಯೆ 8,869. ಜೊತೆಗೆ ಪಂಪಭಾರತದಂತಹ ಹಳಗನ್ನಡ ಕಾವ್ಯಗಳ ಮುದ್ರಣ, ಮೈಸೂರು ಗೆಜೆಟಿಯರ್.

ಇಷ್ಟನ್ನು ಒಬ್ಬರೇ ಮಾಡಿದರೆಂದು ಹೇಳುವುದು ನ್ಯಾಯವಲ್ಲ. ಹಳಗನ್ನಡ, ಸಂಸ್ಕೃತಗಳಲ್ಲಿ ನುರಿತ ದೇಶೀಯ ಪಂಡಿತರ ಶ್ರಮ ಈ ಸಂಪುಟಗಳ ಹಿಂದಿದೆ. ಮುಖಪುಟದಲ್ಲಿ ಮಾತ್ರ ಒಂದೇ ಹೆಸರು. ಅವರಲ್ಲಿ ಆರ್. ನರಸಿಂಹಾಚಾರ್ಯರು ರೈಸರ ಸಹಾಯಕರಾಗಿದ್ದು, 1906ರಲ್ಲಿ ಅವರು ನಿವೃತ್ತರಾದಾಗ ಆ ಸ್ಥಾನಕ್ಕೆ ಬಂದರು.

ನಕ್ಷೆಯಲ್ಲಿ ತಪ್ಪುಗೆರೆಗಳೂ ಇದ್ದವು. ಗಂಗರ ಹಲವು ತಾಮ್ರಪಟಗಳನ್ನು ರೈಸ್ ನಂಬಿದರು, ಜೆ.ಎಫ್. ಫ್ಲೀಟ್ ಅವು ಕೃತಕವೆಂದು ವಾದಿಸಿದರು. ಈ ಜಗಳ ವರ್ಷಗಟ್ಟಲೆ ನಡೆಯಿತು. ಕೃತಕ ಪಟದ ಇಸವಿಯನ್ನು ಒಪ್ಪಿದರೆ ಒಂದು ರಾಜವಂಶದ ಕಾಲವೇ ಶತಮಾನಗಳಷ್ಟು ಅತ್ತಿತ್ತ ಸರಿಯುತ್ತದೆ, ಹೀಗಾಗಿ ಅದು ಬರಿಯ ಹಟದ ಮಾತಾಗಿರಲಿಲ್ಲ. ಹಲವು ಪಟಗಳ ವಿಷಯದಲ್ಲಿ ಫ್ಲೀಟರ ಸಂಶಯವೇ ಗಟ್ಟಿಯಾಗಿ ನಿಂತಿತು. ಇನ್ನು ಹಲ್ಮಿಡಿ ಶಾಸನ ರೈಸರಿಗೆ ಗೊತ್ತಿರಲೇ ಇಲ್ಲ, ಎಂ.ಎಚ್. ಕೃಷ್ಣರು ಅದನ್ನು ಪ್ರಕಟಪಡಿಸಿದ್ದು 1936ರಲ್ಲಿ. ರೈಸ್ 1927ರ ಜುಲೈ 10ರಂದು, ತೊಂಬತ್ತು ತುಂಬಲು ಒಂದು ವಾರವಿರುವಾಗ, ಇಂಗ್ಲೆಂಡಿನ ಹ್ಯಾರೋದಲ್ಲಿ ತೀರಿಕೊಂಡಿದ್ದರು.

ರೈಸರು ಕಂಡ ಕಲ್ಲುಗಳೆಲ್ಲ ಇದ್ದಲ್ಲೇ ಉಳಿಯುವುದಿಲ್ಲ. ಮಳೆಗಾಳಿಗೆ ಅಕ್ಷರ ಸವೆಯುತ್ತದೆ, ಗುಡಿಯ ಜೀರ್ಣೋದ್ಧಾರದಲ್ಲಿ ಸುಣ್ಣಬಣ್ಣ ಮೆತ್ತಿಕೊಳ್ಳುತ್ತದೆ, ಕೆಲವು ಕಟ್ಟಡದ ಚಪ್ಪಡಿಗಳಾಗುತ್ತವೆ. ಕಲ್ಲು ಹೋದಲ್ಲಿ ಸಂಪುಟದ ಪಾಠವೇ ಗತಿ. ಮೈಸೂರು ವಿಶ್ವವಿದ್ಯಾನಿಲಯ 1970ರ ದಶಕದಿಂದ ಈ ಸಂಪುಟಗಳ ಪರಿಷ್ಕೃತ ಆವೃತ್ತಿಯನ್ನು ತರತೊಡಗಿತು.

ತಮ್ಮ ಊರಿನ ಶಾಸನ ಹುಡುಕುವವರು ಒಂದು ಸಂಗತಿ ಗಮನಿಸಬೇಕು. 1997ರಲ್ಲಿ ರಚನೆಯಾದ ದಾವಣಗೆರೆ ಜಿಲ್ಲೆ ರೈಸರ ಕಾಲದಲ್ಲಿರಲಿಲ್ಲ. ಮೂಲ ಆವೃತ್ತಿಯಲ್ಲಿ ದಾವಣಗೆರೆ, ಜಗಳೂರು ತಾಲ್ಲೂಕುಗಳ ಶಾಸನಗಳು ಹನ್ನೊಂದನೆಯದಾದ ಚಿತ್ರದುರ್ಗ ಸಂಪುಟದಲ್ಲಿವೆ; ಹರಿಹರದವು ಅಲ್ಲಿಯೇ, ದಾವಣಗೆರೆಯ ಲೆಕ್ಕದಲ್ಲಿ ಸೇರಿವೆ. ಹೊನ್ನಾಳಿ, ಚನ್ನಗಿರಿಯವರು ಏಳನೆಯದಾದ ಶಿವಮೊಗ್ಗ ಸಂಪುಟವನ್ನು ತೆರೆಯಬೇಕು.