ಸ್ಲಾವ್ ಜನಾಂಗಗಳ ಐಕ್ಯಕ್ಕಾಗಿ ಶ್ರಮಿಸಿದ ಧರ್ಮಾಧ್ಯಕ್ಷ

ರಷ್ಯನ್, ಪೋಲಿಷ್, ಝೆಕ್, ಸರ್ಬ್, ಕ್ರೊಯೇಷಿಯನ್ ಮೊದಲಾದ ಸ್ಲಾವ್ ಜನಾಂಗಗಳೆಲ್ಲ ಒಂದೇ ಕುಟುಂಬದವೆಂಬ ಭಾವನೆ ಹತ್ತೊಂಬತ್ತನೆಯ ಶತಮಾನದ ಯೂರೋಪಿನಲ್ಲಿ ಪ್ರಬಲವಾಯಿತು. ಸಾಮ್ರಾಟರಿಗೆ ಇದು ರಾಜಕೀಯದ ಆಯುಧವಾದರೆ, ಕ್ರೊಯೇಷಿಯದ ಕಥೋಲಿಕ ಧರ್ಮಾಧ್ಯಕ್ಷರೊಬ್ಬರಿಗೆ ಕ್ರೈಸ್ತ ಐಕ್ಯದ ಹಾದಿಯಾಗಿ ಕಂಡಿತು. ಅವರೇ ಯೋಸಿಪ್ ಯುರಾಯ್ ಸ್ಟ್ರೋಸ್‌ಮಾಯರ್.

1815ರಲ್ಲಿ ಓಸಿಯೆಕ್ ನಗರದಲ್ಲಿ ಜನಿಸಿದ ಅವರ ಪೂರ್ವಜರು ಜರ್ಮನ್ ಮೂಲದವರು. ಇಪ್ಪತ್ತರ ಹರೆಯದಲ್ಲಿಯೇ ತತ್ತ್ವಶಾಸ್ತ್ರದಲ್ಲಿ ಡಾಕ್ಟರೇಟ್ ಪಡೆದ ಅವರು 1838ರಲ್ಲಿ ಗುರುದೀಕ್ಷೆ ಸ್ವೀಕರಿಸಿದರು. ವಿಯೆನ್ನಾದ ಅರಮನೆಯಲ್ಲಿ ಗುರುಗಳಾಗಿ ಸೇವೆ ಸಲ್ಲಿಸಿ, 1849ರಲ್ಲಿ ಜಾಕೊವೊ ಧರ್ಮಪ್ರಾಂತ್ಯದ ಧರ್ಮಾಧ್ಯಕ್ಷರಾಗಿ ನೇಮಕಗೊಂಡರು.

ಧರ್ಮಪ್ರಾಂತ್ಯಕ್ಕೆ ವಿಸ್ತಾರವಾದ ಭೂಮಿಯಿತ್ತು. ಅದರ ಆದಾಯವನ್ನು ಅವರು ಜನರ ವಿದ್ಯೆಗೆ ವಿನಿಯೋಗಿಸಿದರು. 1860ರಲ್ಲಿ 50,000 ಫ್ಲಾರಿನ್ ನೀಡಿ ಝಾಗ್ರೆಬ್‌ನಲ್ಲಿ ದಕ್ಷಿಣ ಸ್ಲಾವರ ವಿದ್ವತ್ ಅಕಾಡೆಮಿಗೆ ಅಡಿಗಲ್ಲು ಹಾಕಿದರು. 1874ರಲ್ಲಿ ಅಲ್ಲಿ ಆರಂಭವಾದ ವಿಶ್ವವಿದ್ಯಾನಿಲಯಕ್ಕೂ ಅವರ ನೆರವಿತ್ತು. ಜಾಕೊವೊದಲ್ಲಿ ಅವರು ಕಟ್ಟಿಸಿದ ಭವ್ಯ ಪ್ರಧಾನಾಲಯ 1882ರಲ್ಲಿ ಪೂರ್ಣಗೊಂಡಿತು.

ಪ್ರಥಮ ವ್ಯಾಟಿಕನ್ ಮಹಾಸಭೆಯಲ್ಲಿ ಪೋಪರ ಬೋಧನೆಯ ಅಪ್ರಮಾದತೆಯನ್ನು ಘೋಷಿಸುವುದನ್ನು ಅವರು ವಿರೋಧಿಸಿದರು. ಅದು ಆರ್ಥೊಡಾಕ್ಸ್ ಸಹೋದರರನ್ನು ಇನ್ನಷ್ಟು ದೂರ ಮಾಡೀತೆಂಬ ಆತಂಕ ಅವರಿಗಿತ್ತು. ಅವರ ಹೆಸರಿನಲ್ಲಿ ಸುಳ್ಳು ಭಾಷಣವೊಂದನ್ನು ವಿರೋಧಿಗಳು ಹರಡಿದಾಗ ಅದನ್ನು ಬಲವಾಗಿ ನಿರಾಕರಿಸಿದರು. ಕೊನೆಗೆ ಮಹಾಸಭೆಯ ನಿರ್ಣಯಕ್ಕೆ ತಲೆಬಾಗಿ ಧರ್ಮಸಭೆಯಲ್ಲಿಯೇ ಉಳಿದರು. ಜಗದ್ಗುರು ಹದಿಮೂರನೆಯ ಲಿಯೋ 1880ರಲ್ಲಿ ಸ್ಲಾವರ ಪ್ರೇಷಿತರಾದ ಸಂತ ಸಿರಿಲ್ ಮತ್ತು ಮೆಥೋಡಿಯಸರ ಹಬ್ಬವನ್ನು ಇಡೀ ಧರ್ಮಸಭೆಗೆ ವಿಸ್ತರಿಸಿದುದರಲ್ಲಿ ಇವರ ಪ್ರಯತ್ನವೂ ಸೇರಿತ್ತು.

ಆದರೆ ಕಾಲ ಕಠಿಣವಾಗಿತ್ತು. ಬಾಲ್ಕನ್ ಸ್ಲಾವರ ರಕ್ಷಕನೆಂದು ಹೇಳಿಕೊಂಡು ರಷ್ಯಾ 1877ರಲ್ಲಿ ತುರ್ಕಿಯ ಮೇಲೆ ಯುದ್ಧ ಹೂಡಿತು. ಅದೇ ರಷ್ಯಾ ಸ್ಲಾವರೇ ಆದ ಪೋಲಿಷ್ ಕಥೋಲಿಕರನ್ನು ದಮನಿಸುತ್ತಿತ್ತು! ರಷ್ಯಾದ ಪ್ರಭಾವಕ್ಕೆ ಅಂಜಿದ ಬ್ರಿಟನ್, ಆಸ್ಟ್ರಿಯಗಳ ಒತ್ತಾಯದಿಂದ 1878ರಲ್ಲಿ ಬರ್ಲಿನ್‌ನಲ್ಲಿ ಸಮ್ಮೇಳನ ಸೇರಿ, ರಷ್ಯಾ ಗಳಿಸಿದ್ದನ್ನು ಮೊಟಕುಗೊಳಿಸಲಾಯಿತು. ಬೋಸ್ನಿಯ ಆಸ್ಟ್ರಿಯದ ಕೈಸೇರಿತು. ಅಂದಿನಿಂದ ಸ್ಲಾವ್ ಐಕ್ಯದ ಮಾತು ವಿಯೆನ್ನಾಕ್ಕೆ ರಾಜದ್ರೋಹದಂತೆ ಕೇಳಿಸತೊಡಗಿತು.

1888ರಲ್ಲಿ ರಷ್ಯನ್ನರು ಕ್ರೈಸ್ತ ದೀಕ್ಷೆ ಪಡೆದ 900ನೆಯ ವರ್ಷದ ಉತ್ಸವ ಕೀವ್ ನಗರದಲ್ಲಿ ನಡೆಯಿತು. ದೇವರು ವಹಿಸಿದ ಮಹತ್ಕಾರ್ಯವನ್ನು ರಷ್ಯಾ ನೆರವೇರಿಸಲೆಂದು ಸ್ಟ್ರೋಸ್‌ಮಾಯರ್ ಅಲ್ಲಿಗೆ ತಂತಿ ಕಳುಹಿಸಿದರು. ಚಕ್ರವರ್ತಿ ಫ್ರಾನ್ಸ್ ಜೋಸೆಫ್ ಬ್ಯೆಲೊವಾರ್‌ನಲ್ಲಿ ಅವರನ್ನು ಬಹಿರಂಗವಾಗಿ ಗದರಿಸಿದನು. ತಮ್ಮ ಅಂತಃಕರಣ ಶುದ್ಧವಾಗಿದೆಯೆಂದಷ್ಟೇ ಉತ್ತರಿಸಿ ವೃದ್ಧ ಧರ್ಮಾಧ್ಯಕ್ಷರು ಹಿಂದಿರುಗಿದರು.

1905ರಲ್ಲಿ, ತೊಂಬತ್ತನೆಯ ವಯಸ್ಸಿನಲ್ಲಿ, ಅವರು ನಿಧನರಾದರು. ಒಂಬತ್ತು ವರ್ಷಗಳ ಬಳಿಕ ಬಾಲ್ಕನ್ ಕಲಹದ ಕಿಡಿ ವಿಶ್ವಯುದ್ಧವನ್ನೇ ಹೊತ್ತಿಸಿತು. 1918ರಲ್ಲಿ ದಕ್ಷಿಣ ಸ್ಲಾವರು ಒಂದೇ ರಾಜ್ಯವಾದರೂ, 1991ರಲ್ಲಿ ಅದು ಒಡೆದು ಕಥೋಲಿಕ ಕ್ರೊಯೇಟರೂ ಆರ್ಥೊಡಾಕ್ಸ್ ಸರ್ಬರೂ ಪರಸ್ಪರ ರಕ್ತ ಹರಿಸಿದರು.

ಹಾಗಾದರೆ ಆ ಧರ್ಮಾಧ್ಯಕ್ಷರ ಶ್ರಮ ವ್ಯರ್ಥವಾಯಿತೇ? ರಕ್ತಸಂಬಂಧವೊಂದೇ ಜನರನ್ನು ಒಂದುಗೂಡಿಸಲಾರದು. ನ್ಯಾಯ, ಕ್ಷಮೆಗಳಿಲ್ಲದ ಐಕ್ಯ ಬಲಿಷ್ಠರ ದಾಳವಾಗುತ್ತದೆ. ತಮ್ಮ ಜನರನ್ನು ಪ್ರೀತಿಸಿಯೂ ಪರರನ್ನು ದ್ವೇಷಿಸದೆ ಬಾಳಬಹುದೆಂಬುದನ್ನು ಅವರು ತೋರಿಸಿಕೊಟ್ಟರು. ಆ ಪಾಠ ಇಂದಿಗೂ ನಮ್ಮೆಲ್ಲರದು.