ಮಲಿಕ್ ಅಂಬರ್: ಗುಲಾಮನಾಗಿ ಬಂದು ದಖ್ಖನ್‌ನ ಹೊಲಗಳ ಲೆಕ್ಕ ಸರಿಪಡಿಸಿದ ವೀರ

ಛತ್ರಪತಿ ಸಂಭಾಜಿನಗರದಿಂದ ಪೈಠಣ್‌ಗೆ ಹೋಗುವ ರಸ್ತೆಯಲ್ಲಿ ಸಿಗುವ ಬಿಡಕಿನ್ ಈಗ ಕೈಗಾರಿಕಾ ನಗರವಾಗಿ ಬೆಳೆಯುತ್ತಿದೆ. ದೆಹಲಿ-ಮುಂಬೈ ಕೈಗಾರಿಕಾ ಕಾರಿಡಾರ್‌ಗಾಗಿ ಶೇಂದ್ರಾ ಮತ್ತು ಬಿಡಕಿನ್‌ನಲ್ಲಿ ಒಟ್ಟು ಸುಮಾರು 10 ಸಾವಿರ ಎಕರೆ ಭೂಮಿ ಗುರುತಾಗಿದೆ. ನೆಲಕ್ಕೆ ಬೆಲೆ ಬಂದಾಗ ಪೆಟ್ಟಿಗೆಯಿಂದ ಮೊದಲು ಹೊರಬರುವುದು ಹಳೆಯ ಕಾಗದ. ಕರ್ನಾಟಕದ ರೈತರಿಗೆ ಪಹಣಿ ಇದ್ದಂತೆ ಅಲ್ಲಿನವರಿಗೆ ಸಾತ್-ಬಾರಾ ಉತಾರ. ಆದರೆ ಇದೇ ಸೀಮೆಯಲ್ಲಿ 400 ವರ್ಷಗಳ ಹಿಂದೆ ಯುದ್ಧದ ಹಾವಳಿಗೆ ಊರಿನ ಲೆಕ್ಕವೇ ತಪ್ಪಿಹೋಗಿತ್ತು. ಅದನ್ನು ಮತ್ತೆ ಹಳಿಗೆ ತಂದವನು ಮಲಿಕ್ ಅಂಬರ್.

ಅಂಬರ್ ಹುಟ್ಟಿದ್ದು ಸುಮಾರು 1548ರಲ್ಲಿ, ಇಥಿಯೋಪಿಯಾದಲ್ಲಿ. ಬಾಲ್ಯದಲ್ಲೇ ಗುಲಾಮರ ಸಂತೆಗೆ ಬಿದ್ದು, ಬಾಗ್ದಾದ್ ದಾಟಿ ದಖ್ಖನ್‌ಗೆ ಬಂದ. ಅಹ್ಮದ್‌ನಗರದ ನಿಜಾಮಶಾಹಿಯ ಪೇಶ್ವೆ ಚಂಗೇಜ್ ಖಾನ್ ಅವನನ್ನು ಕೊಂಡುಕೊಂಡ. ಒಡೆಯ ತೀರಿದ ಮೇಲೆ ಸ್ವತಂತ್ರನಾಗಿ ಬಿಜಾಪುರದಲ್ಲಿ ಕೆಲಕಾಲ ಸೇವೆ ಮಾಡಿದ. ಮಲಿಕ್ ಎಂಬ ಬಿರುದು ಸಿಕ್ಕಿದ್ದು ಆದಿಲ್‌ಶಾಹಿಯಲ್ಲೇ.

1600ರಲ್ಲಿ ಅಹ್ಮದ್‌ನಗರದ ಕೋಟೆ ಅಕ್ಬರನ ಸೇನೆಗೆ ಬಿತ್ತು. ಅಂಬರ್ ಸುಮ್ಮನಿರಲಿಲ್ಲ. ಪರಂಡಾದಲ್ಲಿ ರಾಜವಂಶದ ಮುರ್ತಜಾನನ್ನು ಗದ್ದುಗೆಗೆ ಕೂರಿಸಿ ಅಧಿಕಾರ ತನ್ನ ಕೈಯಲ್ಲಿಟ್ಟುಕೊಂಡ. 1610ರಲ್ಲಿ ಖಡ್ಕಿ ಎಂಬ ಊರು ಕಟ್ಟಿದ. ಅದೇ ಮುಂದೆ ಔರಂಗಾಬಾದ್, ಈಗಿನ ಛತ್ರಪತಿ ಸಂಭಾಜಿನಗರ. ಊರಿಗೆ ನೀರು ತಂದ ನಹರ್-ಎ-ಅಂಬರಿ ಕಾಲುವೆಯೂ ಅವನದೇ.

ಗುತ್ತಿಗೆ ರದ್ದು, ಊರಿನ ಮಾತಿಗೆ ಬೆಲೆ

ಅಂಬರ್‌ನ ಯುದ್ಧಗಳ ಕಥೆ ಎಲ್ಲರಿಗೂ ಗೊತ್ತು. ಆದರೆ ರೈತನಿಗೆ ಮುಖ್ಯವಾದ ಅವನ ಕೆಲಸ ಕಂದಾಯದ ಏರ್ಪಾಡು. ಹೆಚ್ಚು ಹಣ ಕೂಗಿದವನಿಗೆ ವಸೂಲಿ ಹಕ್ಕು ಕೊಡುವ ಗುತ್ತಿಗೆ ಪದ್ಧತಿಯನ್ನು ಅವನು ತೆಗೆದುಹಾಕಿದ. ಗುತ್ತಿಗೆದಾರನಿಗೆ ಹೊಲ ಯಾರದಾದರೇನು, ಹಣ ಬಂದರೆ ಸಾಕಿತ್ತು. ಅದರ ಬದಲು ಹಾಳುಬಿದ್ದಿದ್ದ ಗ್ರಾಮಾಡಳಿತಕ್ಕೆ ಜೀವ ಕೊಟ್ಟು, ಪಾಟೀಲ, ಕುಲಕರ್ಣಿಯರನ್ನು ಮತ್ತೆ ಲೆಕ್ಕಕ್ಕೆ ಹೊಣೆಯಾಗಿಸಿದ. ಉಳುವ ಹೊಲ ಕುಟುಂಬದ ಆಸ್ತಿಯಾಯಿತು, ಬೀಳುಭೂಮಿ ಊರಿಗೆಲ್ಲ ಸೇರಿದ್ದಾಯಿತು.

ಎಲ್ಲ ಹೊಲಕ್ಕೂ ಅಳತೆಯ ಹಗ್ಗ ಹಿಡಿಯುವ ಪರಿಸ್ಥಿತಿ ಇರಲಿಲ್ಲ. ಹಾಗಾಗಿ ಬಹಳಷ್ಟು ಕಡೆ ವಿಸ್ತೀರ್ಣವನ್ನು ಕಣ್ಣಂದಾಜಿನಲ್ಲಿ, ಊರವರ ಎದುರಿಗೇ ಗೊತ್ತುಮಾಡಲಾಯಿತು. ಇದಕ್ಕೆ ನಜರ್ ಪಾಹಣಿ ಎಂದು ಹೆಸರು. ಕನ್ನಡದ ಪಹಣಿಗೂ ಇದೇ ಮೂಲ. ಮರಾಠಿಯಲ್ಲಿ ಪಾಹಣಿ ಎಂದರೆ ಕಣ್ಣಾರೆ ನೋಡುವುದು. ತೆರಿಗೆ ಮೊದಲು ಬೆಳೆಯ ಐದರಲ್ಲಿ ಎರಡು ಪಾಲು. ಕೆಲವು ಹಂಗಾಮುಗಳ ಅನುಭವದ ನಂತರ ಅದನ್ನು ನಗದಿಗೆ ಬದಲಿಸಲಾಯಿತು. ಆಗ ಅದು ಮೂರನೇ ಒಂದು ಪಾಲಿಗೆ ಇಳಿಯಿತು ಎಂಬುದು ಜನರಲ್ಲಿ ಉಳಿದ ನೆನಪು.

ಹಕ್ಕಿನ ತಂಟೆ ಎದ್ದರೆ ಆ ಕಾಲದ ದಖ್ಖನ್‌ನಲ್ಲಿ ಗೋತಸಭೆ ಕೂಡುತ್ತಿತ್ತು. ದೇಶಮುಖ, ದೇಶಪಾಂಡೆ, ಪಾಟೀಲ, ಕುಲಕರ್ಣಿಯರ ಜತೆ ಬಡಗಿ, ಕುಂಬಾರರಂಥ ಆಯಗಾರರೂ ಕೂರುತ್ತಿದ್ದರು. ಗಡಿಕಲ್ಲು ಎಲ್ಲಿತ್ತು, ಯಾರ ಅಜ್ಜ ಉಳುತ್ತಿದ್ದ ಎಂದು ಹಿರಿಯರು ಹೇಳಬೇಕಿತ್ತು. ತೀರ್ಪು ಮಹಜರ್ ಆಗಿ ಕಾಗದಕ್ಕೆ ಇಳಿಯುತ್ತಿತ್ತು. ಓದುಬರಹ ಬಾರದ ರೈತ ಸಹಿಯ ಜಾಗದಲ್ಲಿ ನೇಗಿಲು ಬರೆಯುತ್ತಿದ್ದ. ಕಳೆದುಹೋದ ದಾಖಲೆಯ ಜಾಗಕ್ಕೆ ಹೊಸ ದಾಖಲೆ ಹುಟ್ಟುತ್ತಿದ್ದುದು ಹೀಗೆ. ಸಾಕ್ಷಿಯೂ ಸಿಗದಿದ್ದರೆ ದಿವ್ಯಪರೀಕ್ಷೆಗೆ ಕೈಯೊಡ್ಡಬೇಕಿತ್ತು. ಅದು ನ್ಯಾಯಕ್ಕಿಂತ ಎದೆಗಾರಿಕೆಯ ಪರೀಕ್ಷೆ ಎನ್ನಬೇಕು.

ಅಂಬರ್‌ನನ್ನು ಬರೀ ರೈತಬಂಧು ಎಂದು ಹೊಗಳಿದರೆ ಅರ್ಧ ಸತ್ಯ. ಕಂದಾಯ ಸರಿಯಾಗಿ ಬಂದರೆ ಮಾತ್ರ ಅವನ ಸೇನೆಗೆ ಸಂಬಳ. 1616ರಲ್ಲಿ ಮೊಘಲರು ಖಡ್ಕಿಗೆ ನುಗ್ಗಿ ಊರು ಹಾಳುಗೆಡವಿದರೂ ಅವನು ಮತ್ತೆ ಎದ್ದ. 1624ರಲ್ಲಿ ಭಾತವಡಿಯಲ್ಲಿ ಮೊಘಲ್ ಮತ್ತು ಬಿಜಾಪುರದ ಜಂಟಿ ಸೇನೆಯನ್ನು ಸೋಲಿಸಿದ. ಶಹಾಜಿ ಭೋಸಲೆ ಆಗ ಅವನ ಪಕ್ಷದಲ್ಲಿದ್ದ. ಅದೇ ಬೀಸಿನಲ್ಲಿ ಬಿಜಾಪುರದ ಮಗ್ಗುಲಲ್ಲಿದ್ದ ನವರಸಪುರವನ್ನೂ ಅಂಬರ್ ಸೂರೆಮಾಡಿದ. ಕನ್ನಡ ನಾಡಿಗೆ ಅವನು ಬಿಟ್ಟುಹೋದ ಕಹಿ ನೆನಪು ಇದು.

1626ರಲ್ಲಿ, ಸುಮಾರು 78ನೇ ವಯಸ್ಸಿನಲ್ಲಿ ಅಂಬರ್ ತೀರಿಕೊಂಡ. ಗೋರಿ ಖುಲ್ದಾಬಾದ್‌ನಲ್ಲಿದೆ. ಹತ್ತೇ ವರ್ಷಕ್ಕೆ ನಿಜಾಮಶಾಹಿಯೂ ಅಳಿಯಿತು. ಆದರೆ ಪುಣೆ ಸೀಮೆಯಲ್ಲಿ ದಾದಾಜಿ ಕೊಂಡದೇವ್ ಅವನ ಪದ್ಧತಿಯನ್ನೇ ಹಿಡಿದ. ಮುಂದೆ ಶಿವಾಜಿಯ ಕಂದಾಯ ವ್ಯವಸ್ಥೆಗೂ ಅದೇ ತಳಹದಿಯಾಯಿತು.