ಎಚ್. ಎಲ್. ನಾಗೇಗೌಡ

ಎಚ್. ಎಲ್. ನಾಗೇಗೌಡ (ಫೆಬ್ರವರಿ 11, 1915 – ಸೆಪ್ಟೆಂಬರ್ 22, 2005) ಕನ್ನಡದ ಪ್ರಸಿದ್ಧ ಜಾನಪದ ಸಂಗ್ರಾಹಕರು, ಲೇಖಕರು ಹಾಗೂ ಆಡಳಿತಾಧಿಕಾರಿಗಳು. ಕರ್ನಾಟಕ ಜಾನಪದ ಪರಿಷತ್ತು ಮತ್ತು ರಾಮನಗರದ ಸಮೀಪದ ಜಾನಪದ ಲೋಕದ ಸ್ಥಾಪಕರು. ಹಳ್ಳಿಗಳ ಹಾಡು, ಕುಣಿತ ಮತ್ತು ಕಥನಗಳನ್ನು ಬರಹದ ಜೊತೆಗೆ ಧ್ವನಿಮುದ್ರಣ, ಛಾಯಾಚಿತ್ರ ಹಾಗೂ ವಿಡಿಯೊ ಚಿತ್ರೀಕರಣದಲ್ಲಿಯೂ ದಾಖಲಿಸುವ ಕಾರ್ಯಕ್ಕೆ ಅವರು ನಾಡಿನಲ್ಲಿ ಒಂದು ನೆಲೆಯನ್ನು ಒದಗಿಸಿದರು.

ಜನನ ಮತ್ತು ವೃತ್ತಿ

ನಾಗೇಗೌಡರು ಮಂಡ್ಯ ಜಿಲ್ಲೆ ನಾಗಮಂಗಲ ತಾಲ್ಲೂಕಿನ ಹೆರಗನಹಳ್ಳಿಯಲ್ಲಿ ಒಕ್ಕಲು ಮನೆತನದಲ್ಲಿ ಜನಿಸಿದರು. ವಿಜ್ಞಾನ ಮತ್ತು ಕಾನೂನು ಪದವಿಗಳನ್ನು ಪಡೆದು ಸರ್ಕಾರಿ ಸೇವೆಗೆ ಸೇರಿದ ಅವರು, ಮುಂದೆ ಭಾರತೀಯ ಆಡಳಿತ ಸೇವೆಯ ಅಧಿಕಾರಿಯಾದರು. ವಿಧಾನ ಪರಿಷತ್ತಿನ ಸದಸ್ಯರೂ ಆಗಿದ್ದರು.

ಜಾನಪದ ದಾಖಲೀಕರಣ

ಸೋಬಾನೆ ಪದ, ರಾಗಿ ಬೀಸುವ ಪದ, ನಾಟಿಯ ಪದಗಳು ಕೆಲಸ ಮತ್ತು ಆಚರಣೆಗಳೊಡನೆ ಬೆಳೆದು ಬಂದವು. ಹಿಟ್ಟಿನ ಗಿರಣಿ ಬಂದ ಮೇಲೆ ಬೀಸುವ ಕಲ್ಲು ಮೂಲೆ ಸೇರಿತು. ಅದರೊಡನೆ ಪದ ಹಾಡುವ ಸಂದರ್ಭವೂ ಇಲ್ಲವಾಯಿತು. ಹಾಡುಗಳನ್ನು ನೆನಪಿನಲ್ಲಿಯೇ ಉಳಿಸಿಕೊಂಡಿದ್ದ ಹಿರಿಯ ಹೆಂಗಸರು ತೀರಿಕೊಂಡರೆ ಅವು ಅವರೊಂದಿಗೇ ಅಳಿಯುತ್ತಿದ್ದವು. ಸಾಹಿತ್ಯವನ್ನು ಬರೆದುಕೊಂಡರೂ ಧಾಟಿ, ಉಸಿರಿನ ನಿಲುಗಡೆ, ಸೊಲ್ಲು ಹಿಡಿಯುವವರ ದನಿ ಪುಸ್ತಕದಲ್ಲಿ ಉಳಿಯುವುದಿಲ್ಲ. ಕಂಸಾಳೆ, ಪೂಜಾ ಕುಣಿತ, ಸೋಮನ ಕುಣಿತ, ತೊಗಲು ಗೊಂಬೆಯಾಟಗಳಲ್ಲಿ ಮಾತಿಗಿಂತ ಮೈಚಲನೆ, ವೇಷ ಮತ್ತು ವಾದ್ಯಗಳೇ ಮುಖ್ಯ. ಆದುದರಿಂದ ಇವುಗಳಿಗೆ ಧ್ವನಿಮುದ್ರಣ ಮತ್ತು ಚಿತ್ರೀಕರಣ ಅಗತ್ಯವಾದವು.

ಈ ಉದ್ದೇಶಕ್ಕೆ 1979ರಲ್ಲಿ ಸ್ಥಾಪಿತವಾದ ಕರ್ನಾಟಕ ಜಾನಪದ ಪರಿಷತ್ತು ಸಾಂಸ್ಥಿಕ ಬೆಂಬಲ ನೀಡಿತು. ಪರಿಷತ್ತು ಕಲಾವಿದರ ಹಾಡು ಮತ್ತು ಪ್ರದರ್ಶನಗಳನ್ನು ಧ್ವನಿಸುರುಳಿ, ವಿಡಿಯೊಗಳಲ್ಲಿ ಸಂಗ್ರಹಿಸಿತು. ಜಾನಪದ ಜಗತ್ತು ಎಂಬ ಪತ್ರಿಕೆಯನ್ನೂ ಪ್ರಕಟಿಸಿತು.

ಜಾನಪದ ಲೋಕ

ಬೆಂಗಳೂರು–ಮೈಸೂರು ಹೆದ್ದಾರಿಯಲ್ಲಿ, ರಾಮನಗರವನ್ನು ದಾಟಿದ ಮೇಲೆ, ಸುಮಾರು 15 ಎಕರೆ ಪ್ರದೇಶದಲ್ಲಿ ನಾಗೇಗೌಡರು ರೂಪಿಸಿದ ಜಾನಪದ ಲೋಕವು 1994ರಲ್ಲಿ ಉದ್ಘಾಟನೆಗೊಂಡಿತು. ಇಲ್ಲಿನ ಲೋಕಮಾತಾ ಮಂದಿರದಲ್ಲಿ ಗೃಹೋಪಯೋಗಿ ಹಾಗೂ ಬೇಸಾಯದ ಉಪಕರಣಗಳಿವೆ. ಚಿತ್ರ ಕುಟೀರದಲ್ಲಿ ಜನಪದ ಬದುಕಿನ ಛಾಯಾಚಿತ್ರಗಳಿವೆ. ಲೋಕಮಹಲ್‌ನಲ್ಲಿ ಗೊಂಬೆ, ಮುಖವಾಡ, ವೇಷಭೂಷಣ ಮತ್ತು ವಾದ್ಯಗಳನ್ನು ಇರಿಸಲಾಗಿದೆ. ಬಯಲು ರಂಗಮಂದಿರದಲ್ಲಿ ಕಲಾವಿದರು ಪ್ರದರ್ಶನ ನೀಡುತ್ತಾರೆ. ಹೀಗೆ ವಸ್ತು, ಅದರ ಚಿತ್ರ ಮತ್ತು ಅದನ್ನು ಬಳಸುವ ಕಲಾವಿದ, ಈ ಮೂರನ್ನೂ ಒಂದೆಡೆ ತಂದಿರುವುದು ಈ ಸಂಗ್ರಹಾಲಯದ ವೈಶಿಷ್ಟ್ಯ.

ಸಾಹಿತ್ಯ

ಸೋಬಾನೆ ಚಿಕ್ಕಮ್ಮನ ಪದಗಳು ಮತ್ತು ಪದವವೆ ನಮ್ಮ ಎದೆಯಲ್ಲಿ ಅವರ ಪ್ರಮುಖ ಜಾನಪದ ಸಂಗ್ರಹಗಳು. ಮೊದಲನೆಯದು ಹಾಡುಗಾರ್ತಿಯ ಹೆಸರನ್ನೇ ಶೀರ್ಷಿಕೆಯಲ್ಲಿ ಹೊತ್ತಿದೆ. ಎತ್ತಿನ ಮೇಲೆ ಊರೂರು ಸುತ್ತಿ ಒಕ್ಕಲು ಮನೆತನಗಳ ವಂಶಾವಳಿಯನ್ನು ಹೇಳುತ್ತಿದ್ದ ಹೆಳವರ ಕುರಿತೂ ಅವರು ಗ್ರಂಥ ರಚಿಸಿದ್ದಾರೆ. ದೊಡ್ಡಮನೆ ಮತ್ತು ಸೊನ್ನೆಯಿಂದ ಸೊನ್ನೆಗೆ ಅವರ ಕಾದಂಬರಿಗಳು. ಬೆಟ್ಟದಿಂದ ಬಟ್ಟಲಿಗೆ ಕೃತಿಯ ವಸ್ತು ಕಾಫಿ. ವಿದೇಶಿ ಯಾತ್ರಿಕರ ಬರಹಗಳನ್ನು ಪ್ರವಾಸಿ ಕಂಡ ಇಂಡಿಯಾ ಎಂಬ ಸಂಪುಟಗಳಲ್ಲಿ ಕನ್ನಡಿಗರಿಗೆ ಪರಿಚಯಿಸಿದರು.

ಗೌರವ ಮತ್ತು ನಿಧನ

1995ರಲ್ಲಿ ಮುಧೋಳದಲ್ಲಿ ಜರುಗಿದ 64ನೆಯ ಅಖಿಲ ಭಾರತ ಕನ್ನಡ ಸಾಹಿತ್ಯ ಸಮ್ಮೇಳನಕ್ಕೆ ಅವರು ಅಧ್ಯಕ್ಷರಾಗಿದ್ದರು. 2005ರಲ್ಲಿ, ತಮ್ಮ 90ನೆಯ ವಯಸ್ಸಿನಲ್ಲಿ ನಿಧನರಾದರು. ಅವರು ಕಟ್ಟಿದ ಜಾನಪದ ಲೋಕವನ್ನು ಕರ್ನಾಟಕ ಜಾನಪದ ಪರಿಷತ್ತು ಇಂದಿಗೂ ನಡೆಸಿಕೊಂಡು ಬರುತ್ತಿದೆ.